ಮನುಷ್ಯ–ವಾನರ ಕ್ರೋಮೋಸೋಮ್ ಚಾರ್ಟ್: ತಗೊಳ್ಳಬಹುದು, ಒಂದು ಕೊರತೆ ಇದೆ

ಮಗಳ ಪಿಯುಸಿ ಓದಿಗೆ ಅಂತ ಧಾರವಾಡದ ಸುಭಾಸ ರಸ್ತೆಯ ಪುಸ್ತಕದಂಗಡಿಯಲ್ಲಿ ತಗೊಂಡ ಗೋಡೆ ಚಾರ್ಟ್ ಇದು. ಮನುಷ್ಯ, ಚಿಂಪಾಂಜಿ, ಗೊರಿಲ್ಲಾ, ಒರಾಂಗುಟಾನ್ ನಾಲ್ಕರ ಕ್ರೋಮೋಸೋಮ್‌ಗಳನ್ನೂ (ಜೀವಕೋಶದಲ್ಲಿ ಡಿಎನ್‌ಎ ಸುತ್ತಿಕೊಂಡಿರುವ ಎಳೆಗಳು) ಪಕ್ಕಪಕ್ಕದಲ್ಲಿಟ್ಟಿದ್ದಾರೆ, 1982ರಲ್ಲಿ ಯೂನಿಸ್ ಮತ್ತು ಪ್ರಕಾಶ್ ಅನ್ನೋ ವಿಜ್ಞಾನಿಗಳು ಹೋಲಿಸಿ ತೋರಿಸಿದ ಹಾಗೆ. ಅವುಗಳ ಮೇಲಿನ ಅಡ್ಡಪಟ್ಟೆಗಳು ಸ್ಪಷ್ಟವಾಗಿವೆ.

ನನಗೆ ಜಾಸ್ತಿ ಹಿಡಿಸಿದ್ದು ಎರಡನೇ ಕ್ರೋಮೋಸೋಮ್ ಭಾಗ. ಈ ವಾನರಗಳಿಗೆ 48, ನಮಗೆ 46 ಯಾಕೆ ಅನ್ನೋದು ನೋಡಿದ ಕೂಡಲೇ ತಿಳಿಯುತ್ತದೆ: ಅವುಗಳಲ್ಲಿ ಬೇರೆಬೇರೆ ಇರುವ ಎರಡು ನಮ್ಮಲ್ಲಿ ತುದಿಗೆ ತುದಿ ಕೂಡಿ ಒಂದಾಗಿವೆ. ಆದರೆ ಅದಕ್ಕೆ ದೊಡ್ಡ ಸಾಕ್ಷಿ, ಅಂದರೆ ಕ್ರೋಮೋಸೋಮ್‌ನ ತುದಿಯಲ್ಲಿರಬೇಕಾದ ಟೆಲೋಮಿಯರ್ ಅನ್ನೋ ಡಿಎನ್‌ಎ ಸಾಲುಗಳು ನಡುವೆ ಸಿಗೋದು, ಕೆಲಸ ನಿಲ್ಲಿಸಿದ ಇನ್ನೊಂದು ಸೆಂಟ್ರೋಮಿಯರ್‌ನ (ಕೋಶ ಒಡೆಯುವಾಗ ಕ್ರೋಮೋಸೋಮ್ ಎಳೆಯಲು ಹಿಡಿತ ಕೊಡುವ ಜಾಗ, ಸಾಮಾನ್ಯವಾಗಿ ಒಂದೇ ಇರುತ್ತದೆ) ಗುರುತು, ಎರಡನ್ನೂ ಬಿಟ್ಟೇ ಬಿಟ್ಟಿದ್ದಾರೆ. ಮಕ್ಕಳಿಗೆ ಮೊದಲು ತೋರಿಸಬೇಕಾದದ್ದೇ ಅದು ಅಲ್ವಾ? ಕಾಗದ ದಪ್ಪ, ಲ್ಯಾಮಿನೇಶನ್ ಚೆನ್ನಾಗಿದೆ. ತಗೊಳ್ಳಿ, ಆ ಎರಡು ಗುರುತನ್ನು ಮಾತ್ರ ಮಾರ್ಕರ್‌ನಲ್ಲಿ ನೀವೇ ಹಾಕಿಕೊಡಿ.