ರವಾ ಸಿಗಡಿಗೆ ಕಾವಲಿಯೇ, ಮರುವಾಯಿಗೆ ಓವನ್ನೇ

ಉಡುಪಿ ಕಡೆಯ ನಮ್ಮ ಮನೆಗಳಲ್ಲಿ ಮೀನು ಫ್ರೈ ಅಂದರೆ ಕಾವಲಿ. ಬೇರೆ ಮಾತೇ ಇಲ್ಲ. ಆದರೆ ಬೆಂಗಳೂರಿನ ಫ್ಲ್ಯಾಟಿನಲ್ಲಿ ಎಂಟು ಜನ ನೆಂಟರು ಒಟ್ಟಿಗೆ ಬಂದರೆ ಕಷ್ಟ ಶುರು. ಹಾಲ್‌ನಲ್ಲಿ ಹರಟೆ, ನಗು. ನಾನೊಬ್ಬಳು ಹೊಗೆಯಲ್ಲಿ ಸಿಗಡಿ ಮಗುಚುತ್ತಾ ನಿಂತಿರಬೇಕು. ಊಟಕ್ಕೆ ಮುಂಚಿನ ಸ್ಟಾರ್ಟರನ್ನಾದರೂ ಓವನ್ನಿಗೆ ತಳ್ಳೋಣ ಅಂತ ಮೂರು ಭಾನುವಾರ ಕೂತು ಪ್ರಯೋಗ ಮಾಡಿದೆ. ಕಾವಲಿ, ಓಟಿಜಿ (ಮೇಲೆ ಕೆಳಗೆ ರಾಡ್ ಇರುವ ಚಿಕ್ಕ ಓವನ್), ಪಕ್ಕದ ಮನೆಯಿಂದ ಎರವಲು ತಂದ ಏರ್ ಫ್ರೈಯರ್. ಮಸಾಲೆ ಮೂರಕ್ಕೂ ಒಂದೇ: ಬ್ಯಾಡಗಿ ಮೆಣಸು, ಬೆಳ್ಳುಳ್ಳಿ, ಅರಿಶಿನ, ಹುಣಸೆಹುಳಿ, ಗಟ್ಟಿಯಾಗಿ ರುಬ್ಬಿದ್ದು.

ಮೊದಲು ರವಾ ಸಿಗಡಿ. ಓಟಿಜಿಯನ್ನು 10 ನಿಮಿಷ ಕಾಯಿಸಿ, ಮೇಲೆ ಕೆಳಗೆ ಎರಡೂ ರಾಡ್ ಹಾಕಿ, 200 ಡಿಗ್ರಿಯಲ್ಲಿ 10 ನಿಮಿಷ ಇಟ್ಟೆ. ಹೊರಗೆ ತೆಗೆದರೆ ರವೆ ಬೆಳ್ಳಗೆ ಹಾಗೇ ಕೂತಿದೆ, ಅಡಿಭಾಗ ಒದ್ದೆ. ವಿಡಿಯೋ ಕಾಲ್‌ನಲ್ಲಿ ನೋಡಿದ ಅಮ್ಮ, "ಎಂತ ಮಾರಾಯ್ತಿ ಇದು, ಸಿಗಡಿಗೆ ಜ್ವರ ಬಂದ ಹಾಗೆ ಉಂಟು" ಅಂದರು. ತಪ್ಪು ಪೂರ್ತಿ ಓವನ್ನಿನದ್ದಲ್ಲ. ರವೆ ಕೆಂಪಾಗಬೇಕಾದರೆ ಬಿಸಿ ಎಣ್ಣೆ ತಾಗಬೇಕು. ಇಲ್ಲಿ ಎಣ್ಣೆಯೂ ಇಲ್ಲ, ಸಿಗಡಿ ಬಿಟ್ಟ ನೀರು ಆವಿಯಾಗಿ ಹೋಗೋಕೆ ಗಾಳಿಯೂ ಆಡುವುದಿಲ್ಲ. ಎರಡನೇ ಸಲ ರವೆಯನ್ನು ಎರಡು ಚಮಚ ತೆಂಗಿನೆಣ್ಣೆಯಲ್ಲಿ ಮೊದಲೇ ಹುರಿದುಕೊಂಡೆ, ಸಿಗಡಿಯನ್ನು ಟ್ರೇ ಬದಲು ಜಾಲರಿ ಮೇಲೆ ಜೋಡಿಸಿದೆ. ಪರವಾಗಿಲ್ಲ ಅನ್ನುವಷ್ಟಾಯಿತು. ಕಾವಲಿಯದ್ದರ ಪಕ್ಕ ಇಟ್ಟರೆ ಮಾತ್ರ ಯಾರೂ ಮುಟ್ಟುವುದಿಲ್ಲ.

ಏರ್ ಫ್ರೈಯರ್ ಇದರಲ್ಲಿ ಎಷ್ಟೋ ವಾಸಿ. 190 ಡಿಗ್ರಿ, 8 ನಿಮಿಷ, ಮೇಲೆ ಎಣ್ಣೆ ಸವರಿದರೆ ಗರಿಗರಿ. ಸಡಿಲವಾದ ರವೆಯನ್ನು ಫ್ಯಾನ್ ಹಾರಿಸಿಬಿಡುತ್ತದೆ, ಹಾಗಾಗಿ ಮಸಾಲೆಗೆ ಒಂದು ಚಮಚ ಅಕ್ಕಿಹಿಟ್ಟು ಕಲಸಿ ಅಂಟಿಸಬೇಕು. ಆದರೆ ಒಂದು ಸಲಕ್ಕೆ ಹಿಡಿಯೋದು ಹದಿನೈದೇ ಸಿಗಡಿ. ಎಂಟು ಜನಕ್ಕೆ ನಾಲ್ಕು ಸುತ್ತು. ಕಾವಲಿ ಮುಂದೆ ನಿಲ್ಲೋದು ತಪ್ಪಿ ಇದರ ಮುಂದೆ ನಿಂತ ಹಾಗಾಯ್ತು, ಅಲ್ವಾ?

ಯಾವುದರಲ್ಲೇ ಮಾಡಿ, ಸಿಗಡಿ ಕೊಕ್ಕೆಯ ಹಾಗೆ ಬಾಗಿದ ಕೂಡಲೇ ತೆಗೆಯಿರಿ. ಉಂಗುರದ ಹಾಗೆ ಸುತ್ತಿಕೊಂಡರೆ ರಬ್ಬರ್. ಜೂನ್ 1ರಿಂದ ಜುಲೈ 31ರವರೆಗೆ ಯಾಂತ್ರಿಕ ದೋಣಿಗಳು ಕಡಲಿಗೆ ಇಳಿಯುವುದಿಲ್ಲ, ಆಗ ನಾನು ತರುವುದು ಫ್ರೋಜನ್ ಸಿಗಡಿ. ಅದು ಬಿಡುವ ನೀರು ಜಾಸ್ತಿ. ರಾತ್ರಿಯಿಡೀ ಫ್ರಿಜ್ಜಿನಲ್ಲಿ ಕರಗಿಸಿ, ಬಟ್ಟೆಯಲ್ಲಿ ಒತ್ತಿ ಒರೆಸದಿದ್ದರೆ ಓವನ್ ಟ್ರೇಯಲ್ಲಿ ಸಾರು ಸಿಗುತ್ತದೆ.

ಓಟಿಜಿಯ ಮರ್ಯಾದೆ ಉಳಿಸಿದ್ದು ಮರುವಾಯಿ, ಅಂದರೆ ನಮ್ಮ ಕಡೆಯ ಚಿಪ್ಪುಮೀನು. ಉಪ್ಪುನೀರಿನಲ್ಲಿ ಎರಡು ಗಂಟೆ ಬಿಟ್ಟು ಮರಳು ಕಳೆದೆ. ಬಾಯಿ ತೆರೆದಿದ್ದು ತಟ್ಟಿದರೂ ಮುಚ್ಚದಿದ್ದರೆ ಎಸೆದೆ. ಪಾತ್ರೆಗೆ ಹಾಕಿ, ನೀರಿಲ್ಲದೆ ಮುಚ್ಚಳ ಮುಚ್ಚಿ ಐದು ನಿಮಿಷ ಕಾಯಿಸಿದರೆ ತಾನಾಗಿ ಬಾಯಿ ಬಿಡುತ್ತವೆ. ಆಗಲೂ ಬಿಡದ್ದನ್ನು ಎಸೆಯಬೇಕು. ಮೇಲಿನ ಚಿಪ್ಪು ಕಿತ್ತು, ಮಾಂಸವಿರುವ ಚಿಪ್ಪಿನ ಮೇಲೆ ಗಟ್ಟಿ ಸುಕ್ಕ ಮಸಾಲೆ ಕಲಸಿದ ತೆಂಗಿನತುರಿ ಒತ್ತಿದೆ. ಚಿಪ್ಪು ವಾಲದಿರಲಿ ಅಂತ ಟ್ರೇಗೆ ಕಲ್ಲುಪ್ಪು ಹರಡಿದೆ. ಮೇಲಿನ ರಾಡ್ ಮಾತ್ರ, 200 ಡಿಗ್ರಿ, ಐದೇ ನಿಮಿಷ. ಮಾಂಸ ಆಗಲೇ ಬೆಂದಿರುತ್ತದೆ, ಬೇಕಿರುವುದು ತೆಂಗಿನಕಾಯಿ ಸುಡುವುದಷ್ಟೇ. ತುರಿಯ ತುದಿಗಳು ಕಂದಾಗಿ, ಚಿಪ್ಪಿನ ತಳದಲ್ಲಿ ರಸ ಕುದಿಯುತ್ತಿತ್ತು. ಒಂದೇ ಟ್ರೇಯಲ್ಲಿ ಮೂವತ್ತು ಚಿಪ್ಪು. ಏರ್ ಫ್ರೈಯರಿನಲ್ಲಿ ತುರಿ ಹಾರಿ ಒಳಗೆಲ್ಲ ಅಂಟಿತು. ಕಾವಲಿಯಲ್ಲಂತೂ ಮೇಲಿನಿಂದ ಬಿಸಿಯೇ ತಾಗುವುದಿಲ್ಲ.

ಬಾಳೆಲೆಯಲ್ಲಿ ಸುತ್ತಿದ ಅಂಜಲ್ ಮೀನಿನ ತುಂಡು ಓಟಿಜಿಯಲ್ಲಿ 15 ನಿಮಿಷಕ್ಕೆ ಮೆತ್ತಗೆ ಬೆಂದಿತು. ಎಲೆ ಸುಟ್ಟ ಆ ಪರಿಮಳ ಬೇಕಿದ್ದರೆ ಮತ್ತೆ ಕಾವಲಿಯೇ. ಜನ ಜಾಸ್ತಿ ಇದ್ದರೆ ಓಟಿಜಿ ಸಾಕು.

ಈಗ ನೆಂಟರು ಬಂದರೆ ಮರುವಾಯಿ ಓಟಿಜಿಗೆ, ಸಿಗಡಿ ಕಾವಲಿಗೆ. ಏರ್ ಫ್ರೈಯರ್ ತೊಳೆದು ವಾಪಸ್ ಕೊಟ್ಟೆ. ಒಂದೇ ತೊಂದರೆ, ಓಟಿಜಿಯ ವಾಸನೆ. ಮರುದಿನ ಅದರಲ್ಲೇ ಮಗಳು ಕೇಕ್ ಮಾಡಿದಳು. ವೆನಿಲ್ಲಾ ಹಾಕಿದ್ದಳು ಪಾಪ. ಮೊದಲ ತುಂಡು ಬಾಯಿಗಿಟ್ಟ ಯಜಮಾನರು, "ಇದಕ್ಕೆ ಬೆಳ್ಳುಳ್ಳಿ ಯಾಕೆ?" ಅಂದರು.