ನ್ಯಾಸ್ಕಾರ್ ಹಾಲ್ ಆಫ್ ಫೇಮ್, ಷಾರ್ಲೆಟ್: ಚಾಂಪಿಯನ್ನರನ್ನು ಅಳೆಯುವುದು ಹೇಗೆ?

ನೋಡಲು ಸಾಮಾನ್ಯ ಕಾರಿನಂತಿರುವ ರೇಸ್ ಕಾರುಗಳ ಓಟವೇ ಸ್ಟಾಕ್ ಕಾರ್ ರೇಸಿಂಗ್; ಅಮೆರಿಕದಲ್ಲಿ ಅದನ್ನು ನಡೆಸುವ ಸಂಸ್ಥೆ ನ್ಯಾಸ್ಕಾರ್. ಅದನ್ನು ಇಷ್ಟಪಡುವವರು ನಾರ್ತ್ ಕ್ಯಾರೊಲಿನಾಗೆ ಹೋದರೆ 2010ರಲ್ಲಿ ಶುರುವಾದ ಈ ಮ್ಯೂಸಿಯಂ ನೋಡದೆ ಬರಬಾರದು. ಟಿಕೆಟ್ ದುಡ್ಡಿಗೆ ಗ್ಲೋರಿ ರೋಡ್ ಒಂದೇ ಸಾಕು. ಹಳೆಯ ರೇಸ್ ಕಾರುಗಳು ಸಾಲಾಗಿ ನಿಂತಿರುವ ಈ ಟ್ರ್ಯಾಕ್ ಸಮತಟ್ಟಾಗಿ ಶುರುವಾಗಿ, ಟ್ಯಾಲಡೇಗಾ ರೇಸ್ ಟ್ರ್ಯಾಕಿನ ತಿರುವಿನಂತೆ 33 ಡಿಗ್ರಿಯವರೆಗೆ ಓರೆಯಾಗುತ್ತದೆ. ಕಾರು ತಿರುವಿನಲ್ಲಿ ಹೊರಕ್ಕೆ ಜಾರದೆ ವೇಗ ಉಳಿಸಿಕೊಳ್ಳುವುದು ಈ ಓರೆಯಿಂದಲೇ. ಟಿವಿಯಲ್ಲಿ ಅದು ಎಷ್ಟು ಕಡಿದಾಗಿದೆ ಎಂದು ಗೊತ್ತಾಗುವುದೇ ಇಲ್ಲ.

ರಿಚರ್ಡ್ ಪೆಟಿ, ಡೇಲ್ ಅರ್ನ್‌ಹಾರ್ಟ್, ಜಿಮ್ಮಿ ಜಾನ್ಸನ್ ಈ ಮೂವರು ಚಾಲಕರಿಗೂ ತಲಾ ಏಳು ಚಾಂಪಿಯನ್‌ಷಿಪ್. ಆದರೆ ಅವನ್ನು ಒಂದೇ ತಕ್ಕಡಿಯಲ್ಲಿ ತೂಗಬೇಡಿ. ಪೆಟಿ 1967ರಲ್ಲಿ 27 ರೇಸ್ ಗೆದ್ದರು, ಅದರಲ್ಲಿ 10 ಸತತವಾಗಿ. ಆಗ ಒಂದು ಸೀಸನ್ನಿಗೆ ಸುಮಾರು 50 ರೇಸ್‌ಗಳಿದ್ದವು. ಜಾನ್ಸನ್ 2006ರಿಂದ 2010ರವರೆಗೆ ಸತತ ಐದು ಸಲ ಗೆದ್ದಾಗ ಇದ್ದದ್ದು 36 ರೇಸ್, ಅದರಲ್ಲೂ ಕೊನೆಯ ಹತ್ತೇ ಪ್ರಶಸ್ತಿ ನಿರ್ಧರಿಸುತ್ತಿದ್ದವು. ಅರ್ನ್‌ಹಾರ್ಟ್‌ಗಾದರೋ ಈ ಕ್ರೀಡೆಯ ಅತಿ ಪ್ರತಿಷ್ಠಿತ ರೇಸ್ ಆದ ಡೇಟೋನಾ 500 ಒಲಿದದ್ದು 20ನೇ ಪ್ರಯತ್ನದಲ್ಲಿ, 1998ರಲ್ಲಿ. ಫಲಕ ಓದುವಾಗ ಇಸವಿ ನೋಡಿಯೇ ಮುಂದೆ ಹೋಗಿ.

ಹಳೆಯ ತಲೆಮಾರಿನ ಚಾಲಕ ಜೂನಿಯರ್ ಜಾನ್ಸನ್ ಅವರ ಕಳ್ಳಭಟ್ಟಿ ಹಂಡೆಯನ್ನೂ ಇಟ್ಟಿದ್ದಾರೆ. ಮೊದಮೊದಲ ರೇಸರ್‌ಗಳಲ್ಲಿ ಹಲವರು ಕಾರಿನಲ್ಲಿ ಕಳ್ಳಭಟ್ಟಿ ಸಾಗಿಸುತ್ತಿದ್ದವರೇ. ಈ ಕ್ರೀಡೆಯ ಬೇರನ್ನು ಮುಚ್ಚಿಡದ ಈ ಪ್ರಾಮಾಣಿಕತೆ ತುಂಬಾ ಹಿಡಿಸಿತು.

ರೇಸ್ ನಡುವೆ ಕಾರಿನ ಟೈರ್ ಬದಲಿಸಿ, ಇಂಧನ ತುಂಬಿಸುವ ತಂಡವೇ ಪಿಟ್ ಕ್ರೂ. ಅದರ ವಿಭಾಗದಲ್ಲಿ ಜಾಕ್ ಎತ್ತಿ, ಟೈರ್ ಬದಲಿಸಿ ನೋಡಬಹುದು. ನ್ಯಾಸ್ಕಾರ್‌ನ ಮುಖ್ಯ ಸರಣಿಯಲ್ಲಿ 2022ರ ಮೊದಲು ಒಂದು ಚಕ್ರಕ್ಕೆ ಐದು ನಟ್, ಈಗ ಮಧ್ಯದಲ್ಲಿ ಒಂದೇ. ಅದು ಸರಿಯಾಗಿ ಕೂರದಿದ್ದರೆ ಹಿಡಿದಿಡಲು ಬೇರೆ ನಟ್ ಇರುವುದಿಲ್ಲ, ಚಕ್ರವೇ ಕಳಚಿ ಹೋಗುತ್ತದೆ.