ಬಾಲದ ಬೀಪ್ ಇಲ್ಲದೆ ರೀಲ್ ಕಳಿಸಬೇಡಿ

ಸ್ವತಂತ್ರ ಚಿತ್ರವೊಂದರ ಪ್ರಿವ್ಯೂನಲ್ಲಿ ಆದದ್ದು ಇದು. ಶುರುವಿನಲ್ಲಿ ಎಲ್ಲ ಸರಿಯಿತ್ತು. ಹತ್ತು ನಿಮಿಷ ಕಳೆಯುವಷ್ಟರಲ್ಲಿ ತುಟಿ ಮುಂದೆ, ಮಾತು ಹಿಂದೆ. ಇಪ್ಪತ್ತನೇ ನಿಮಿಷಕ್ಕೆ ಬಾಗಿಲು ಹಾಕಿಕೊಂಡು ಪಾತ್ರ ಹೊರಟೇ ಹೋಗಿತ್ತು, ಆಮೇಲೆ ಧಡ್ ಅಂತ ಸದ್ದು. ಎರಡನೇ ರೀಲ್ (ಚಿತ್ರವನ್ನು ಹಂಚಿದ ಭಾಗ) ಬಂದೊಡನೆ ಮತ್ತೆ ಸರಿ! ಹಾಗಾಗಿ ಎಲ್ಲರೂ ಥಿಯೇಟರಿನ ಸರ್ವರ್ ಮೇಲೆ ಗೂಬೆ ಕೂರಿಸಿದರು, ಆಪರೇಟರ್ ಆಡಿಯೋ ಡಿಲೇ ತಿರುಗಿಸಿದ್ದೇ ತಿರುಗಿಸಿದ್ದು. ಉದ್ದಕ್ಕೂ ಒಂದೇ ಅಳತೆಯ ವ್ಯತ್ಯಾಸವಿದ್ದರೆ ಡಿಲೇಯಿಂದ ಸರಿಹೋಗುತ್ತದೆ. ಹೋಗ್ತಾ ಹೋಗ್ತಾ ಬೆಳೆಯುತ್ತಿದ್ದರೆ ಮೊದಲು ಫ್ರೇಮ್ ರೇಟ್, ಅಂದರೆ ಸೆಕೆಂಡಿಗೆ ಎಷ್ಟು ಫ್ರೇಮು ಅಂತ ನೋಡಿ.

ಶೂಟ್ ಆಗಿದ್ದು 23.976ರಲ್ಲಿ. ಹಲವು ಮಿರರ್‌ಲೆಸ್ ಕ್ಯಾಮೆರಾಗಳ ಮೆನುವಿನಲ್ಲಿ ‘24ಪಿ’ ಅಂತಲೇ ಇರುತ್ತದೆ, ಫೈಲ್ ತೆರೆದರೆ 23.976. ಎಡಿಟ್, ಮಿಕ್ಸಿಂಗ್ ಎರಡೂ ಅದರಲ್ಲೇ ನಡೆದವು. ಡಿಸಿಪಿ (ಥಿಯೇಟರಿಗೆ ಕಳಿಸುವ ಡಿಜಿಟಲ್ ಪ್ರತಿ) ಮಾಡುವಾಗ ಅವೇ ಫ್ರೇಮುಗಳನ್ನು 24ರ ವೇಗದಲ್ಲಿ ಓಡಿಸಿದರು, ಮಿಕ್ಸ್, ಅಂದರೆ ಸಿದ್ಧವಾದ ಸೌಂಡ್, ಮಾತ್ರ ಇದ್ದ ಹಾಗೇ ಕೂತಿತು. 20 ನಿಮಿಷದ ರೀಲಿನಲ್ಲಿ 28,800 ಫ್ರೇಮು. ಅದು 24ರಲ್ಲಿ 1,200 ಸೆಕೆಂಡ್, 23.976ರಲ್ಲಿ 1,201.2. ಆ 1.2 ಸೆಕೆಂಡ್ ಅಂದರೆ ಹತ್ತಿರಹತ್ತಿರ 29 ಫ್ರೇಮು.

ಟೈಮ್‌ಕೋಡ್ (ಪ್ರತಿ ಫ್ರೇಮಿಗೂ ಇರುವ ಗಂಟೆ:ನಿಮಿಷ:ಸೆಕೆಂಡ್:ಫ್ರೇಮ್ ಗುರುತು) ನೋಡಿದವರಿಗೆ ಇದು ಗೊತ್ತಾಗಲೇ ಇಲ್ಲ, ಯಾಕೆಂದರೆ ಟೈಮ್‌ಕೋಡ್ ಎಣಿಸುವುದು ಫ್ರೇಮುಗಳನ್ನು. 01:00:00:00ಕ್ಕೆ ಶುರುವಾದ ರೀಲ್ ಎರಡು ವೇಗದಲ್ಲೂ 01:20:00:00ಕ್ಕೇ ಮುಗಿಯುತ್ತದೆ. ಚಿತ್ರಕ್ಕೂ ಸದ್ದಿಗೂ ಹೊಂದಿಕೆ ನೋಡಲು ರೀಲಿಗೆ ಎರಡು ಸೆಕೆಂಡ್ ಮೊದಲು, 00:59:58:00ರಲ್ಲಿ, ಹಾಕಿದ್ದ ತಲೆಯ ಬೀಪ್ ಹೊಂದಿಕೊಂಡೇ ಇತ್ತು. ವ್ಯತ್ಯಾಸವೇ ಹುಟ್ಟದ ಜಾಗದಲ್ಲಿ ಅದಾದರೂ ಏನು ಹೇಳೀತು? ಕೊನೆಯ ಫ್ರೇಮಾದ ಎರಡು ಸೆಕೆಂಡಿಗೆ ಇನ್ನೊಂದು, ಅಂದರೆ ಬಾಲದ ಬೀಪ್, ಅದರ ಜೊತೆಗೇ ಚಿತ್ರದಲ್ಲಿ ಒಂದು ಫ್ರೇಮ್ ಬಿಳಿ ಹಾಕಿದ್ದರೆ ಡಿಸಿಪಿ ಮಾಡುವ ಮೇಜಿನಲ್ಲೇ ಸಿಕ್ಕಿಬೀಳುತ್ತಿತ್ತು.

ಶೂಟಿಗೆ ಮುಂಚೆ ಹತ್ತು ಸೆಕೆಂಡಿನ ಟೆಸ್ಟ್ ಕ್ಲಿಪ್ ತರಿಸಿ ಫೈಲಿನ ವಿವರ ತೋರಿಸುವ ಮೀಡಿಯಾಇನ್ಫೋದಲ್ಲಿ ತೆರೆದು ನೋಡಿ. ಎಡಿಟಿಂಗ್ ಸಾಫ್ಟ್‌ವೇರ್ ಡಾವಿಂಚಿ ರಿಸಾಲ್ವ್‌ನಲ್ಲಿ ಮೊದಲ ಕ್ಲಿಪ್ ಹಾಕುವಾಗ ಫ್ರೇಮ್ ರೇಟ್ ಬದಲಿಸಲೇ ಅಂತ ಕೇಳುತ್ತದೆ, ಕಣ್ಣುಮುಚ್ಚಿ ಒತ್ತಬೇಡಿ. ಆಮೇಲೆ ಬದಲಿಸುವುದು ಸುಲಭವಲ್ಲ. ಪಿಕ್ಚರ್ ಲಾಕ್ ಆದ, ಅಂದರೆ ಎಡಿಟ್ ಅಂತಿಮವಾದ ದಿನವೇ ಫ್ರೇಮ್ ರೇಟ್, ಪ್ರತಿ ರೀಲಿನ ಒಟ್ಟು ಫ್ರೇಮು, ಡಿಸಿಪಿಯ ವೇಗ ಬರೆದು ಸೌಂಡಿನವರಿಗೂ, ಬಣ್ಣ ತಿದ್ದುವ ಡಿಐಯವರಿಗೂ ಮೇಲ್ ಮಾಡಿ. ಇಲ್ಲಿ ಆ ಕಾಗದ ಇರಲಿಲ್ಲ; ತಪ್ಪೆಲ್ಲ ಎಡಿಟರ್ ತಲೆಗೆ ಬಂತು, ಸಂಭಾವನೆಯ ಕೊನೆ ಕಂತು ನಿಂತಿತು.

ಆಗಿಹೋಗಿದ್ದರೆ ರೀಮಿಕ್ಸ್ ಬೇಕಿಲ್ಲ. ಸೆಕೆಂಡಿಗೆ 48,000 ಸ್ಯಾಂಪಲಿನ ಮಿಕ್ಸನ್ನು 48,048 ಎಂದು ಓದಿಸಿ ಮತ್ತೆ 48,000ಕ್ಕೆ ಪರಿವರ್ತಿಸಿದರೆ ಸಾಕು. ಶ್ರುತಿ ಏರುವುದು ಎರಡು ಸೆಂಟಿಗಿಂತ (ಅರ್ಧಸ್ವರದ ನೂರನೇ ಒಂದು ಭಾಗ ಒಂದು ಸೆಂಟ್) ಕಡಿಮೆ, ಕಿವಿಗೆ ತಿಳಿಯದು. 5.1ರ ಆರೂ ಚಾನೆಲ್‌ಗೆ ಒಟ್ಟಿಗೇ ಮಾಡಿ. ಅದಕ್ಕೂ ಮೊದಲು ಡಿಸಿಪಿಯ ಒಟ್ಟು ಫ್ರೇಮು ಎಷ್ಟೆಂದು ಕೇಳಿಕೊಳ್ಳಿ: 28,800ರ ಬದಲು 28,829ರ ಆಸುಪಾಸು ಬಂದರೆ ನಡುನಡುವೆ ಫ್ರೇಮ್ ಸೇರಿಸಿ ಉದ್ದ ಸರಿದೂಗಿಸಿದ್ದಾರೆ ಅಂತರ್ಥ, ಆಗ ಸೌಂಡ್ ಮುಟ್ಟಬೇಡಿ.